ಉಬ್ಬಸವಿಲ್ಲದ ದಿನದ ಔಷಧ: ಒಂದು ಮೀಮಾಂಸೆ

ವಿಷಯ

ಆರು ವರ್ಷದ ಮಗು. ಮಳೆಗಾಲ ಶುರುವಾಯಿತೆಂದರೆ, ಇಲ್ಲವೇ ಮನೆಗೆ ಸುಣ್ಣಬಣ್ಣ ಮಾಡಿಸಿದರೆಂದರೆ, ರಾತ್ರಿಯಿಡೀ ಕೆಮ್ಮು. ಎದೆಯಲ್ಲಿ ಸುಯ್ ಎನ್ನುವ ಸದ್ದು, ಪಕ್ಕೆ ಎಳೆತ. ಆಸ್ಪತ್ರೆಯಲ್ಲಿ ನೆಬ್ಯುಲೈಸರ್ ಇಟ್ಟರೆ ಬೆಳಗಾಗುವಷ್ಟರಲ್ಲಿ ಮಗು ಆಡತೊಡಗುತ್ತದೆ. ಮನೆಗೆ ಹೊರಡುವಾಗ ವೈದ್ಯರು ಎರಡು ಇನ್ಹೇಲರ್ ಬರೆದುಕೊಡುತ್ತಾರೆ. ಒಂದು ಉಸಿರು ಕಟ್ಟಿದಾಗ ಮಾತ್ರ. ಇನ್ನೊಂದು ದಿನವೂ ಬೆಳಿಗ್ಗೆ ಸಂಜೆ, ಮಗು ಚೆನ್ನಾಗಿದ್ದರೂ. ಮೊದಲನೆಯದಕ್ಕೆ ಮನೆಯಲ್ಲಿ ಯಾರದೂ ತಕರಾರಿಲ್ಲ. ಎರಡನೆಯದು ಹದಿನೈದು ದಿನದಲ್ಲಿ ಕಪಾಟು ಸೇರುತ್ತದೆ. ಈ ಕಪಾಟು ಸೇರಿದ ಇನ್ಹೇಲರಿನದೇ ಇಲ್ಲಿಯ ವಿಚಾರ.

ವಿಚಾರಕ್ಕೆ ಯೋಗ್ಯವೇ ಎನ್ನುವವರಿಗೆ ಒಂದು ಲೆಕ್ಕ. ಬೆಂಗಳೂರಿನ ಮಕ್ಕಳ ಶ್ವಾಸಕೋಶ ತಜ್ಞ ಡಾ. ಎಚ್. ಪರಮೇಶ್ ಅವರ ಅಧ್ಯಯನದಲ್ಲಿ, ಆಸ್ಪತ್ರೆಗೆ ಬಂದ ಹದಿನೆಂಟರೊಳಗಿನ ಮಕ್ಕಳ ಪೈಕಿ ಅಸ್ತಮಾ ಇದ್ದವರು 1979ರಲ್ಲಿ ಶೇ 9, 1999ರಲ್ಲಿ ಶೇ 29.5. ಇದು ಆಸ್ಪತ್ರೆಗೆ ಬಂದವರ ಲೆಕ್ಕವೇ ಹೊರತು ಊರಿನ ಲೆಕ್ಕವಲ್ಲ. ‘ಅಲರ್ಜಿಕ್ ಬ್ರಾಂಕೈಟಿಸ್’, ‘ಪ್ರೈಮರಿ ಕಾಂಪ್ಲೆಕ್ಸ್’ ಎಂದು ಬಳಸಿ ಮಾತಾಡುತ್ತಿದ್ದ ವೈದ್ಯರಿಗೆ ಅಸ್ತಮಾ ಎನ್ನುವ ಧೈರ್ಯ ಬಂದದ್ದೂ ಆ ಏರಿಕೆಯಲ್ಲಿ ಸೇರಿರಬಹುದು. ಹಾಗೆಂದು ಕಳೆದುನೋಡಿದರೂ ಉಳಿಯುವುದು ಸಣ್ಣ ಸಂಖ್ಯೆಯಲ್ಲ.

ಸಂಶಯ

ಮೀಮಾಂಸಕ ಜೈಮಿನಿಯ ದಾರಿಯವರು ಕರ್ಮವನ್ನು ನಿತ್ಯ, ನೈಮಿತ್ತಿಕ ಎಂದು ಬೇರ್ಪಡಿಸುತ್ತಾರೆ. ಗ್ರಹಣ ಹಿಡಿದಾಗಿನ ಸ್ನಾನ ನೈಮಿತ್ತಿಕ. ನಿಮಿತ್ತ ಬಂದರೆ ಉಂಟು, ಇಲ್ಲದಿದ್ದರೆ ಇಲ್ಲ. ಸಂಧ್ಯಾವಂದನೆ ನಿತ್ಯ; ಮಾಡಿದ್ದರ ಫಲ ಕಣ್ಣಿಗೆ ಬೀಳುವುದಿಲ್ಲ, ಬಿಟ್ಟರೆ ದೋಷ. ಸಾಲ್ಬುಟಮಾಲ್ ಇರುವ ಮೊದಲನೆಯ ಇನ್ಹೇಲರ್ ನೈಮಿತ್ತಿಕ ಎಂಬುದರಲ್ಲಿ ಜಗಳವಿಲ್ಲ. ಬ್ಯುಡೆಸೊನೈಡಿನಂಥ ಸ್ಟೀರಾಯ್ಡ್ ಇರುವ ಎರಡನೆಯದು ನಿತ್ಯವೋ? ನಿತ್ಯವಾದರೆ ಅದಕ್ಕೆ ಅಧಿಕಾರಿ, ಎಂದರೆ ಅರ್ಹ, ಯಾರು: ಒಮ್ಮೆ ಸುಯ್‌ಗುಟ್ಟಿದ ಮಗುವೆಲ್ಲವೋ, ಕೆಲವರೋ? ಮನೆಯಲ್ಲಿ ನಡೆಯುವ ವಾದಗಳು ಬಗೆಹರಿಯದಿರುವುದು ಈ ಎರಡು ಪ್ರಶ್ನೆಗಳನ್ನು ಒಂದೆಂದು ತಿಳಿಯುವುದರಿಂದ.

ಪೂರ್ವಪಕ್ಷಕ್ಕೆ, ಎಂದರೆ ಎದುರಾಳಿಯ ವಾದಕ್ಕೆ, ಹೋಗುವ ಮುನ್ನ ಎದೆಗೂಡಿನೊಳಗೆ ಸ್ವಲ್ಪ ಇಣುಕಬೇಕು. ಮಗುವಿನ ಶ್ವಾಸಕೋಶ ಎಂದರೆ ದೊಡ್ಡವರದ್ದನ್ನೇ ಕುಗ್ಗಿಸಿಟ್ಟದ್ದಲ್ಲ. ಹುಟ್ಟುವಾಗ ಗಾಳಿಗೂಡುಗಳು ಕೆಲವು ಕೋಟಿ ಮಾತ್ರ. ದೊಡ್ಡವರಲ್ಲಿ ಸುಮಾರು 30 ಕೋಟಿ ಅಥವಾ ಅದಕ್ಕೂ ಹೆಚ್ಚು. ಹಸುಗೂಸಿನ ಪಕ್ಕೆಲುಬುಗಳು ಮೆತ್ತಗೆ, ಹೆಚ್ಚುಕಡಿಮೆ ಅಡ್ಡಡ್ಡ ಕೂತಿರುತ್ತವೆ. ಎದೆ ಹಿಗ್ಗಿಸಿ ಗಾಳಿ ಎಳೆದುಕೊಳ್ಳುವ ಅನುಕೂಲ ಅವಕ್ಕಿಲ್ಲ. ಕೆಲಸವೆಲ್ಲ ವಪೆಯದೇ, ಕೂಸು ಹೊಟ್ಟೆಯಲ್ಲಿ ಉಸಿರಾಡಿದಂತೆ ಕಾಣುವುದು ಅದಕ್ಕೆ. ನಾಳ ಕಟ್ಟಿದಾಗ ವಪೆ ಜೋರಾಗಿ ಎಳೆಯುತ್ತದೆ, ಮೆತ್ತನೆಯ ಎದೆಗೂಡು ಒಳಕ್ಕೆ ಕುಸಿಯುತ್ತದೆ. ಅಜ್ಜಿಯರು ‘ಪಕ್ಕೆ ಎಳೀತಿದೆ’ ಎಂದದ್ದು ಸರಿಯಾದ ರೋಗಲಕ್ಷಣವೇ. ವಿಶ್ವ ಆರೋಗ್ಯ ಸಂಸ್ಥೆಯ ಎಣಿಕೆ ಅದರ ಜೊತೆಗಿಡಬೇಕಾದದ್ದು: ಅಳದೆ ಇರುವಾಗ ಪೂರ್ತಿ ಒಂದು ನಿಮಿಷ ಎಣಿಸಿ, ಎರಡು ತಿಂಗಳೊಳಗಿನ ಕೂಸಿಗೆ 60, ಒಂದು ವರ್ಷದೊಳಗೆ 50, ಐದು ವರ್ಷದೊಳಗೆ 40 ಮುಟ್ಟಿದರೆ ಅದು ವೇಗದ ಉಸಿರು.

ನಾಳದ ಗಾತ್ರದ್ದು ಇನ್ನೊಂದು ಕಥೆ. 19ನೇ ಶತಮಾನದ ಫ್ರೆಂಚ್ ವೈದ್ಯ ಪ್ವಾಜೆಯ್ ಗಾಜಿನ ಸಪೂರ ನಳಿಕೆಗಳಲ್ಲಿ ನೀರು ಹರಿಸಿ ಕಂಡುಕೊಂಡ ನಿಯಮದ ಪ್ರಕಾರ, ನಳಿಕೆಯ ತ್ರಿಜ್ಯ ಅರ್ಧಕ್ಕಿಳಿದರೆ ಹರಿವಿಗೆ ತಡೆ ಇಮ್ಮಡಿಯಲ್ಲ, 16 ಪಟ್ಟು. ದೊಡ್ಡವರ 8 ಮಿಲಿಮೀಟರ್ ನಾಳದಲ್ಲಿ ಸುತ್ತಲೂ ಒಂದು ಮಿಲಿಮೀಟರ್ ಊತ ಬಂದರೆ ತಡೆ ಮೂರು ಪಟ್ಟು ಚಿಲ್ಲರೆ. ಕೂಸಿನ 4 ಮಿಲಿಮೀಟರ್ ನಾಳದಲ್ಲಿ ಅಷ್ಟೇ ಊತಕ್ಕೆ 16 ಪಟ್ಟು. ಅಪ್ಪನಿಗೆ ಬರೀ ನೆಗಡಿ ತಂದ ವೈರಸ್ಸು ಮಗುವನ್ನು ಆಕ್ಸಿಜನ್ನಿಗೆ ಹಾಕುವುದು ಹೀಗೆ. ಸುಯ್‌ಗುಟ್ಟುವ ಕೂಸೆಲ್ಲ ಅಸ್ತಮಾದ್ದಲ್ಲ ಎಂಬುದೂ ಈ ಗಣಿತದಲ್ಲೇ ಅಡಗಿದೆ.

ಅಧಿಕಾರಿ ಯಾರು?

ಇಲ್ಲಿ ಪೂರ್ವಪಕ್ಷ ಬಲವಾಗಿದೆ. ‘ದೊಡ್ಡವನಾದ ಮೇಲೆ ತಾನೇ ಹೋಗುತ್ತೆ ಬಿಡಿ, ಇವರ ಅಪ್ಪನಿಗೂ ಹೀಗೇ ಆಗುತ್ತಿತ್ತು’ ಎನ್ನುವ ಅತ್ತೆಯ ಮಾತನ್ನು ಅಜ್ಞಾನವೆಂದು ತಳ್ಳಿಹಾಕುವ ವೈದ್ಯರು ಅಮೆರಿಕದ ಟ್ಯೂಸಾನ್ ಅಧ್ಯಯನ ನೋಡಬೇಕು. ಅರಿಜೋನಾದ ಆ ಊರಿನಲ್ಲಿ 1980ರಿಂದ ಸಾವಿರಕ್ಕೂ ಹೆಚ್ಚು ಕೂಸುಗಳನ್ನು ಹುಟ್ಟಿದಾಗಿನಿಂದ ಹಿಂಬಾಲಿಸಿದರು. 1995ರಲ್ಲಿ ಫರ್ನಾಂಡೊ ಮಾರ್ಟಿನೆಜ್ ಮತ್ತು ಸಂಗಡಿಗರು 826 ಮಕ್ಕಳ ಫಲಿತಾಂಶ ಪ್ರಕಟಿಸಿದರು. ಆರು ವರ್ಷದವರೆಗೆ ಒಮ್ಮೆಯೂ ಸುಯ್‌ಗುಡದವರು ಅರ್ಧದಷ್ಟು. ಸುಮಾರು ಶೇ 20 ಮಕ್ಕಳು ಮೂರು ವರ್ಷದೊಳಗೆ ಸುಯ್‌ಗುಟ್ಟಿ ಆರರ ಹೊತ್ತಿಗೆ ಬಿಟ್ಟಿದ್ದರು. ಶೇ 14ರಷ್ಟು ಮಕ್ಕಳಲ್ಲಿ ಅದು ಉಳಿದಿತ್ತು. ಶೇ 15ರಲ್ಲಿ ಮೂರರ ಮೇಲೆ ಶುರುವಾಗಿತ್ತು. ಅಂದರೆ ಬೇಗ ಶುರುವಾದವರಲ್ಲಿ ಹೆಚ್ಚಿನವರಿಗೆ ಅತ್ತೆ ಹೇಳಿದ್ದೇ ಆಯಿತು. ಇನ್ನೂ ಸ್ವಾರಸ್ಯದ ಸಂಗತಿ: ಹೀಗೆ ಬಿಟ್ಟುಹೋದ ಮಕ್ಕಳ ಶ್ವಾಸಕೋಶದ ಶಕ್ತಿ, ಮೊದಲ ಸೋಂಕು ತಗಲುವ ಮುನ್ನವೇ ಕಡಿಮೆ ಇತ್ತು. ಕಾಯಿಲೆಯಿಂದ ನಾಳ ಕಿರಿದಾದದ್ದಲ್ಲ, ನಾಳ ಕಿರಿದಿದ್ದುದರಿಂದ ಸದ್ದು ಬಂದದ್ದು.

ಹಾಗಾದರೆ ಯಾರದು ಉಳಿಯುತ್ತದೆ? ಅಪ್ಪ ಅಮ್ಮನಲ್ಲಿ ಒಬ್ಬರಿಗೆ ಅಸ್ತಮಾ, ಮಗುವಿಗೆ ಇಸುಬು, ನೆಗಡಿಯಿಲ್ಲದೆಯೂ ಸುಯ್‌ಗುಡುವುದು, ಸದಾ ಸೀನುವ ಮೂಗು, ರಕ್ತದಲ್ಲಿ ಇಯೊಸಿನೊಫಿಲ್ ಹೆಚ್ಚು. ಇವು ಕೂಡಿದಷ್ಟೂ ಸಂಭವ ಹೆಚ್ಚು. ಯಂತ್ರದಿಂದ ಅಳೆಯಬಾರದೇ ಎಂದರೆ, ಲಂಡನ್ನಿನ ಹಚಿನ್ಸನ್ 1846ರಲ್ಲೇ ಸ್ಪೈರೋಮೀಟರ್ ಕೊಟ್ಟಿದ್ದಾನೆ. ಆದರೆ ಅದಕ್ಕೆ ‘ಇನ್ನೂ ಊದು, ಇನ್ನೂ ಊದು’ ಎಂದರೆ ಊದುವ ಮಗು ಬೇಕು. ಐದಾರು ವರ್ಷದ ಕೆಳಗೆ ಅಂಥ ಮಗು ಅಪರೂಪ. ದೊಡ್ಡವರಲ್ಲಿ ಮೊದಲ ಸೆಕೆಂಡಿನಲ್ಲಿ ಹೊರಬಿದ್ದ ಗಾಳಿಯನ್ನು ಅಳೆಯುತ್ತಾರೆ. ಪುಟ್ಟ ಮಗುವಿನ ಗಾಳಿ ಸೆಕೆಂಡು ಮುಗಿಯುವ ಮೊದಲೇ ಖಾಲಿ, ಅರ್ಧ ಸೆಕೆಂಡಿನ ಅಳತೆ ಹಿಡಿಯಬೇಕಾಗುತ್ತದೆ. ಕೂಸುಗಳನ್ನಾದರೋ ಔಷಧ ಕೊಟ್ಟು ಮಲಗಿಸಿ, ಎದೆಗೆ ಗಾಳಿ ತುಂಬುವ ಅಂಗಿ ತೊಡಿಸಿ ಅಳೆಯಬೇಕು. ಅದು ಸಂಶೋಧನಾ ಕೇಂದ್ರದ ಮಾತು. ಹೀಗಾಗಿ ಐದರೊಳಗೆ ತೀರ್ಮಾನ ನಿಲ್ಲುವುದು ತಾಯಿ ಹೇಳುವ ವಿವರದ ಮೇಲೆ. ಮೊಬೈಲಿನಲ್ಲಿ ಹಿಡಿದ ಅರ್ಧ ನಿಮಿಷದ ವಿಡಿಯೊ, ನನ್ನ ಲೆಕ್ಕದಲ್ಲಿ, ಹತ್ತು ರಕ್ತಪರೀಕ್ಷೆಗಿಂತ ಮೇಲು.

ಆದ್ದರಿಂದ ನೆಗಡಿ ಬಂದಾಗ ಮಾತ್ರ ಸುಯ್‌ಗುಟ್ಟಿ ನಡುವೆ ಆರಾಮಾಗಿರುವ ಒಂದೂವರೆ ವರ್ಷದ ಮಗು ನಿತ್ಯದ ಇನ್ಹೇಲರಿಗೆ ಸಾಮಾನ್ಯವಾಗಿ ಅಧಿಕಾರಿಯಲ್ಲ. ಅಂಥ ಪುಟ್ಟ ಮಕ್ಕಳಿಗೆ ಸುಮ್ಮನೆ ಕುಡಿಸುವ ಸ್ಟೀರಾಯ್ಡ್ ದ್ರವದಿಂದಲೂ ಪ್ರಯೋಜನ ಕಾಣಲಿಲ್ಲವೆಂದು 2009ರಲ್ಲಿ ಬ್ರಿಟನ್ನಿನಲ್ಲಿ ಸುಮಾರು 700 ಮಕ್ಕಳ ಮೇಲೆ ನಡೆದ ಪರೀಕ್ಷೆ ಹೇಳಿತು. ಇದ್ದಕ್ಕಿದ್ದಂತೆ ಒಂದೇ ಕಡೆಯ ಎದೆಯಲ್ಲಿ ಸದ್ದು ಬಂದ ಮಗುವೂ ಅಧಿಕಾರಿಯಲ್ಲ. ಅದರ ನಾಳದಲ್ಲಿ ಶೇಂಗಾ ಬೀಜವೋ ಹುಣಸೆ ಬೀಜವೋ ಕೂತಿದೆಯೇ ನೋಡಬೇಕು. ಉಳಿದವರು, ಅಂದರೆ ಪದೇಪದೇ ಬರುವ, ರಾತ್ರಿ ಎಬ್ಬಿಸುವ, ಆಡಿದರೆ ನಕ್ಕರೆ ಕೆಮ್ಮಿಸುವ ಅಸ್ತಮಾದ ಮಕ್ಕಳು ಅಧಿಕಾರಿಗಳು. ಮುಂದಿನ ವಾದವೆಲ್ಲ ಅವರನ್ನು ಕುರಿತದ್ದು.

ಆಕ್ಷೇಪ, ಸಮಾಧಾನ

‘ಸದ್ದೇ ಇಲ್ಲ, ಮತ್ತೇಕೆ ಔಷಧ?’ ಸದ್ದು ಕಾಯಿಲೆಯಲ್ಲ, ಕಿರಿದಾದ ನಾಳದಲ್ಲಿ ಗಾಳಿ ನುಗ್ಗುವುದರ ಗುರುತು. ಆ ಗುರುತು ಎಷ್ಟು ನಂಬಲಾಗದ್ದೆಂದರೆ, ಅತಿ ಕೆಟ್ಟ ಉಬ್ಬಸದಲ್ಲಿ ಗಾಳಿಯೇ ಓಡಾಡದೆ ಎದೆ ನಿಶ್ಶಬ್ದವಾಗುತ್ತದೆ. ಸ್ಟೆತಸ್ಕೋಪಿನಲ್ಲಿ ಏನೂ ಕೇಳಿಸದಿದ್ದರೆ ವೈದ್ಯರು ಹೆದರುವುದು ಆಗಲೇ. ಆಡಿಕೊಂಡಿರುವ ಮಗುವಿನ ನಾಳದ ಒಳಪದರದಲ್ಲೂ ಉರಿಯೂತ ಇರುತ್ತದೆ. ಧೂಳೋ ವೈರಸ್ಸೋ ಸಿಕ್ಕರೆ ಸಾಕು, ಅದು ಕೆರಳುತ್ತದೆ. ಸಾಲ್ಬುಟಮಾಲ್ ಬಿಗಿದ ಸ್ನಾಯು ಸಡಿಲಿಸುತ್ತದೆ, ಉರಿಯೂತವನ್ನು ಮುಟ್ಟುವುದಿಲ್ಲ.

‘ಅಭ್ಯಾಸವಾಗಿಬಿಡುತ್ತದೆ.’ ಈ ಆಕ್ಷೇಪ ಗುರಿಯಿಟ್ಟಿರುವುದು ತಪ್ಪು ಇನ್ಹೇಲರಿಗೆ. 1960ರ ದಶಕದಲ್ಲಿ ಬ್ರಿಟನ್ನಿನಲ್ಲಿ ಐಸೊಪ್ರೆನಲಿನ್, ಮುಂದೆ ನ್ಯೂಜಿಲೆಂಡಿನಲ್ಲಿ ಫೆನೊಟೆರಾಲ್, ಇಂಥ ತಕ್ಷಣ ಉಪಶಮನ ಕೊಡುವ ಔಷಧಗಳನ್ನು ಮತ್ತೆಮತ್ತೆ ಎಳೆದುಕೊಂಡ ಕಾಲದಲ್ಲೇ ಅಸ್ತಮಾ ಸಾವುಗಳು ಏರಿದವು. ಮನೆಯವರು ತಕರಾರಿಲ್ಲದೆ ಒಪ್ಪಿಕೊಳ್ಳುವ ನೈಮಿತ್ತಿಕವೇ ಅತಿಯಾದರೆ ಅಪಾಯ. 2000ದಲ್ಲಿ ಕೆನಡಾದ ಸಸ್ಕಾಚೆವಾನಿನಿಂದ ಬಂದ ಲೆಕ್ಕ ಇದರ ಇನ್ನೊಂದು ಮುಖ: ವರ್ಷದಲ್ಲಿ ಎಳೆದುಕೊಂಡ ಸ್ಟೀರಾಯ್ಡ್ ಡಬ್ಬಿ ಒಂದೊಂದು ಹೆಚ್ಚಾದಂತೆ ಅಸ್ತಮಾ ಸಾವಿನ ಪ್ರಮಾಣ ಶೇ 21ರಷ್ಟು ತಗ್ಗುತ್ತಿತ್ತು.

‘ಸ್ಟೀರಾಯ್ಡ್ ಅಲ್ಲವೇ, ಬೆಳವಣಿಗೆ ನಿಲ್ಲುತ್ತದೆ.’ ನಿಲ್ಲುವುದಿಲ್ಲ, ತುಸು ತಗ್ಗುತ್ತದೆ. ಇದನ್ನು ಮುಚ್ಚಿಡುವುದು ಸರಿಯಲ್ಲ. ಉತ್ತರ ಅಮೆರಿಕದಲ್ಲಿ ಐದರಿಂದ ಹನ್ನೆರಡು ವರ್ಷದ 1,041 ಮಕ್ಕಳ ಮೇಲೆ ನಡೆದ ಕ್ಯಾಂಪ್ ಪರೀಕ್ಷೆಯಲ್ಲಿ, ದಿನಕ್ಕೆ 400 ಮೈಕ್ರೋಗ್ರಾಂ ಬ್ಯುಡೆಸೊನೈಡ್ ಎಳೆದುಕೊಂಡವರು ದೊಡ್ಡವರಾದಾಗ ಉಳಿದವರಿಗಿಂತ ಸರಾಸರಿ 1.2 ಸೆಂಟಿಮೀಟರ್ ಗಿಡ್ಡ ಇದ್ದರು. ಪ್ರತಿಯಾಗಿ ಅವರು ಆಸ್ಪತ್ರೆ ಸೇರಿದ್ದು ಶೇ 43ರಷ್ಟು ಕಡಿಮೆ. ನಿತ್ಯದ್ದನ್ನು ಬಿಟ್ಟ ಮಗುವಿಗೆ ಉಬ್ಬಸ ಜೋರಾದಾಗಲೆಲ್ಲ ಪ್ರೆಡ್ನಿಸೊಲೋನ್ ಕುಡಿಸಬೇಕಾಗುತ್ತದೆ, ಅದೂ ಸ್ಟೀರಾಯ್ಡೇ; ನಾಳಕ್ಕಷ್ಟೇ ಅಲ್ಲ, ಮೈಯಿಡೀ ಹೋಗುತ್ತದೆ. ಒಂದೂಕಾಲು ಸೆಂಟಿಮೀಟರನ್ನೂ ತುರ್ತು ಘಟಕದ ರಾತ್ರಿಯನ್ನೂ ಎದುರುಬದುರಿಟ್ಟು ಆಯ್ಕೆ ಮಾಡುವುದು ಹೆತ್ತವರ ಹಕ್ಕು. ನಾನಾದರೆ ಸೆಂಟಿಮೀಟರನ್ನು ಬಿಟ್ಟುಕೊಡುತ್ತೇನೆ.

‘ಇನ್ಹೇಲರ್ ಸ್ಟ್ರಾಂಗು, ಸಿರಪ್ ಸಾಕು.’ ಲೆಕ್ಕ ಮಾಡಿ ನೋಡಿ. ಸಾಲ್ಬುಟಮಾಲ್ ಸಿರಪ್ಪಿನ ಒಂದು ಚಮಚದಲ್ಲಿ 2 ಮಿಲಿಗ್ರಾಂ. ಇನ್ಹೇಲರಿನ ಒಂದು ಒತ್ತಿಗೆ 100 ಮೈಕ್ರೋಗ್ರಾಂ. ಒಂದು ಚಮಚಕ್ಕೆ ಇಪ್ಪತ್ತು ಒತ್ತು ಸಮ. ಸಿರಪ್ ಕುಡಿದ ಮಗುವಿನ ಎದೆ ಡವಗುಟ್ಟಿ ಕೈ ನಡುಗುವುದು ಸುಮ್ಮನೆ ಅಲ್ಲ. ನೆಬ್ಯುಲೈಸರ್ ಮೇಲೆನ್ನುವವರಿಗೂ ಉತ್ತರವಿದೆ: ಸ್ಪೇಸರ್ (ಇನ್ಹೇಲರಿಗೂ ಬಾಯಿಗೂ ನಡುವಿನ ಟೊಳ್ಳು ಕೊಳವೆ) ಹಚ್ಚಿದ ಇನ್ಹೇಲರ್ ಮಕ್ಕಳಲ್ಲಿ ಅದಕ್ಕೆ ಕಡಿಮೆಯಿಲ್ಲವೆಂದು ಹಲವು ಪರೀಕ್ಷೆಗಳನ್ನು ಒಟ್ಟುಮಾಡಿ ನೋಡಿದವರು ಹೇಳುತ್ತಾರೆ. ಸ್ಪೇಸರ್ ದುಬಾರಿಯೇ? ಕೇಪ್‌ಟೌನಿನ ಹೆದರ್ ಜಾರ್ ತಂಡ 1999ರಲ್ಲಿ ಅರ್ಧ ಲೀಟರಿನ ಪ್ಲಾಸ್ಟಿಕ್ ಬಾಟಲಿಯ ತಳ ಕೊರೆದು ಇನ್ಹೇಲರ್ ಕೂರಿಸಿ, ಅದೂ ಅಂಗಡಿಯದರಷ್ಟೇ ಕೆಲಸ ಮಾಡುತ್ತದೆಂದು ತೋರಿಸಿತು. ಮಾಡಬಾರದ್ದು ಒಂದೇ, ಅಳುವ ಮಗುವಿನ ಮುಖಕ್ಕೆ ಮಾಸ್ಕ್ ಒತ್ತುವುದು. ಔಷಧ ಹೆಚ್ಚೇನೂ ಶ್ವಾಸಕೋಶ ಮುಟ್ಟುವುದಿಲ್ಲ.

ಮೃಗಶಿರ ಮಳೆ ಹೂಡುವ ದಿನ ಹೈದರಾಬಾದಿಗೆ ಹೋಗಿ, ಉಬ್ಬಸ ಹೋಗಲೆಂದು ಜೀವಂತ ಮೀನು ನುಂಗಿಸಿಕೊಂಡು ಬರುವವರ ವಾದಕ್ಕೆ ಹೆಚ್ಚು ಜಾಗ ಬೇಡ. ಮೂರು ವರ್ಷ ಬಿಡದೆ ಬರಬೇಕೆನ್ನುತ್ತಾರೆ. ಮೂರು ವರ್ಷದಲ್ಲಿ ಬಹಳ ಮಕ್ಕಳ ಉಬ್ಬಸ ಮೀನಿಲ್ಲದೆಯೂ ತಗ್ಗುತ್ತದೆ.

ಎಲ್ಲಕ್ಕಿಂತ ಚೂಪಾದ ಆಕ್ಷೇಪ ಓದಿಕೊಂಡವರದ್ದು: ‘ಈಗ ದೊಡ್ಡವರಿಗೇ ದಿನವೂ ಬೇಡವಂತೆ, ಬ್ಯುಡೆಸೊನೈಡ್ ಫಾರ್ಮೊಟೆರಾಲ್ ಕೂಡಿದ ಒಂದೇ ಇನ್ಹೇಲರನ್ನು ಬೇಕಾದಾಗ ಎಳೆದರೆ ಸಾಕಂತೆ.’ ನಿಜ. 2018ರ ಸಿಗ್ಮಾ ಪರೀಕ್ಷೆಗಳ ಬಳಿಕ ಹಗುರ ಅಸ್ತಮಾದ ಹನ್ನೆರಡು ದಾಟಿದವರಿಗೆ ಅದು ಒಪ್ಪಿತ ದಾರಿ. ಆದರೆ ಅದು ನಿತ್ಯವನ್ನು ತೆಗೆದದ್ದಲ್ಲ, ನೈಮಿತ್ತಿಕದೊಳಗೆ ಸೇರಿಸಿದ್ದು: ಉಪಶಮನ ಎಳೆದುಕೊಂಡಾಗಲೆಲ್ಲ ಸ್ಟೀರಾಯ್ಡೂ ಒಳಗೆ ಹೋಗುತ್ತದೆ. ಬರೀ ಸಾಲ್ಬುಟಮಾಲ್ ಸಾಕೆಂದು ಅದು ಎಲ್ಲಿಯೂ ಹೇಳುವುದಿಲ್ಲ. ಮೇಲಾಗಿ, ಉಸಿರು ಕಟ್ಟುತ್ತಿದೆ ಎಂದು ತಾನೇ ಗುರುತಿಸಿ ಕೈ ಚಾಚುವವರಿಗೆ ಅದು ಹೊಂದುತ್ತದೆ. ಆರು ವರ್ಷದ ಮಗು ಆಟ ಬಿಟ್ಟು ಬಂದು ಹಾಗೆ ಹೇಳುವುದು ಅಪರೂಪ.

ಎಲ್ಲಿಯವರೆಗೆ?

ಸಂಧ್ಯಾವಂದನೆಯ ಹೋಲಿಕೆ ಇಲ್ಲಿಗೆ ನಿಲ್ಲುತ್ತದೆ. ಅದು ಜೀವ ಇರುವತನಕ, ಇದು ಹಾಗಲ್ಲ. ಔಷಧ ಅಸ್ತಮಾವನ್ನು ಬೇರುಸಹಿತ ಕೀಳುವುದೂ ಇಲ್ಲ. ಎರಡು ಮೂರು ವರ್ಷದ ಮಕ್ಕಳಿಗೆ ಎರಡು ವರ್ಷ ಕೊಟ್ಟು ನಿಲ್ಲಿಸಿದ ಪರೀಕ್ಷೆಯಲ್ಲಿ, ಕೊಡುವಷ್ಟು ದಿನ ಲಾಭವಿತ್ತು, ನಿಲ್ಲಿಸಿದ ಮೇಲೆ ಕೊಟ್ಟವರಿಗೂ ಕೊಡದವರಿಗೂ ವ್ಯತ್ಯಾಸ ಉಳಿಯಲಿಲ್ಲ. ಅಭ್ಯಾಸವಾಗುತ್ತದೆನ್ನುವವರಿಗೆ ಇದೇ ಉತ್ತರ, ಗುಣವಾಗುತ್ತದೆನ್ನುವವರಿಗೂ ಇದೇ. ಆದ್ದರಿಂದ ಮೂರು ತಿಂಗಳು ಕೆಮ್ಮಿಲ್ಲದೆ, ರಾತ್ರಿ ಎದ್ದೇಳದೆ ಕಳೆದರೆ ವೈದ್ಯರೊಂದಿಗೆ ಕೂತು ಪ್ರಮಾಣ ಇಳಿಸಬೇಕು. ಇಳಿಸಿದ ಮೇಲೂ ನಿಂತರೆ ಬಿಡುವ ಯೋಚನೆ. ಶಾಲೆ ತೆರೆದು ಮಳೆ ಹಿಡಿಯುವ ಜೂನ್ ಅದಕ್ಕೆ ಕೆಟ್ಟ ತಿಂಗಳು.

ಇಳಿಸುವ ಮುನ್ನ ಇಷ್ಟು ದಿನ ನಿಜವಾಗಿ ಕೊಟ್ಟಿದ್ದೇವೆಯೇ ಎಂದು ಖಾತ್ರಿಯಾಗಬೇಕು. 200 ಒತ್ತಿನ ಡಬ್ಬಿ, ಬೆಳಿಗ್ಗೆ ಎರಡು ಸಂಜೆ ಎರಡಾದರೆ, 50 ದಿನಕ್ಕೆ ಮುಗಿಯಬೇಕು. ಅಲ್ಲಾಡಿಸಿ ನೋಡಿದರೆ ತಿಳಿಯದು, ಔಷಧ ಮುಗಿದ ಮೇಲೂ ಬರಿಯ ಗಾಳಿ ಚಿಮ್ಮುತ್ತಿರುತ್ತದೆ. ಶುರು ಮಾಡಿದ ತಾರೀಖನ್ನು ಡಬ್ಬಿಯ ಮೇಲೇ ಬರೆದಿಟ್ಟರೆ ಕೊಟ್ಟದ್ದೂ ಬಿಟ್ಟದ್ದೂ ಎರಡೂ ಲೆಕ್ಕಕ್ಕೆ ಸಿಗುತ್ತವೆ.