ಮನೆಯಿಂದ ಹೊರಗೆ ಹಾಕುವ ಮುನ್ನ



ಹದಿಮೂರು ಹದಿನಾಲ್ಕು ವರ್ಷದ ಮಗ ತಂಗಿಯ ಬಳೆ ತೊಡುತ್ತಾನೆ, ಕೂದಲು ಕತ್ತರಿಸಲು ಬಿಡುವುದಿಲ್ಲ, ಒಂದು ದಿನ ಅಳುತ್ತಾ 'ನಾನು ಒಳಗೆ ಹುಡುಗಿ' ಎಂದು ತಾಯಿಗೆ ಹೇಳಿಬಿಡುತ್ತಾನೆ. ಅಥವಾ ಮಗಳೊಬ್ಬಳು ದೊಡ್ಡವಳಾದ ಮೇಲೆ ತನ್ನ ದೇಹವನ್ನೇ ಕಂಡು ಹೇಸಿಕೊಳ್ಳುತ್ತಾಳೆ, 'ನನ್ನನ್ನು ಹುಡುಗ ಎಂದು ಕರೆಯಿರಿ' ಎಂದು ಹಟ ಹಿಡಿಯುತ್ತಾಳೆ. ಇಂಥದ್ದೆಲ್ಲ ಬೆಂಗಳೂರಿನಲ್ಲಿ ಮಾತ್ರ, ನಮ್ಮ ಲಕ್ಕವಳ್ಳಿ ತರೀಕೆರೆಗಳಲ್ಲಿ ಇಲ್ಲ ಎಂದು ಹೇಳುವವರಿದ್ದಾರೆ. 2011ರ ಜನಗಣತಿಯಲ್ಲಿ ಮೊದಲ ಬಾರಿಗೆ ಗಂಡು, ಹೆಣ್ಣು ಎರಡರ ಜೊತೆ 'ಇತರೆ' ಎಂದೂ ಬರೆಸುವ ಅವಕಾಶ ಕೊಟ್ಟಾಗ ದೇಶದಲ್ಲಿ 4 ಲಕ್ಷ 87 ಸಾವಿರಕ್ಕೂ ಹೆಚ್ಚು ಮಂದಿ ಹಾಗೆ ಬರೆಸಿದರು. ಅವರಲ್ಲಿ ಸುಮಾರು 55 ಸಾವಿರ ಮಂದಿ ಆರು ವರ್ಷದೊಳಗಿನ ಮಕ್ಕಳು. ಅಂದರೆ ಮನೆ ಬಾಗಿಲಿಗೆ ಬಂದ ಗಣತಿದಾರನಿಗೆ ಅದನ್ನು ಹೇಳಿದವರು ಮನೆಯ ಹಿರಿಯರೇ. ಇಷ್ಟೊಂದು ಮನೆಗಳೂ ಪಟ್ಟಣದಲ್ಲೇ ಇದ್ದವೆಂದು ನನಗನ್ನಿಸುವುದಿಲ್ಲ.

ಇಂಥ ತಂದೆತಾಯಿ ಗುರುಗಳ ಬಳಿ ಬಂದರೆ ಮೊದಲು ಕೇಳುವ ಪ್ರಶ್ನೆ ಒಂದೇ: 'ಫಾದರ್, ಇದು ಪಾಪವೇ?' ಪ್ರಶ್ನೆ ಸಹಜವಾದದ್ದು. ಆದರೆ ಅದನ್ನು ಕೇಳುವ ಹೊತ್ತಿಗಾಗಲೇ ಎಷ್ಟೋ ಮನೆಗಳಲ್ಲಿ ಇನ್ನೊಂದು ಪ್ರಶ್ನೆಗೆ ಉತ್ತರ ಕೊಟ್ಟಾಗಿರುತ್ತದೆ. ಈ ಮಗು ನಮ್ಮ ಮನೆಯಲ್ಲಿ ಇರಬೇಕೋ ಬೇಡವೋ ಎಂಬುದೇ ಆ ಪ್ರಶ್ನೆ. ಬಾಯಲ್ಲಿ ಯಾರೂ ಅದನ್ನು ಕೇಳುವುದಿಲ್ಲ. ಬೆಲ್ಟಿನಿಂದ, ಊಟದ ತಟ್ಟೆ ಬೇರೆ ಇಡುವುದರಿಂದ, ನೆಂಟರು ಬಂದಾಗ ಒಳಕೋಣೆಗೆ ತಳ್ಳುವುದರಿಂದ ಉತ್ತರ ಕೊಟ್ಟುಬಿಡುತ್ತಾರೆ. ಈ ಎರಡು ಪ್ರಶ್ನೆಗಳು ಬೇರೆ ಬೇರೆ. ಒಂದನ್ನು ಇನ್ನೊಂದರೊಳಗೆ ಕಲಸಿಬಿಡುವುದರಿಂದ ಆಗುವ ಅನಾಹುತದ ಬಗ್ಗೆಯೇ ನಾನು ಇವತ್ತು ಬರೆಯುತ್ತಿರುವುದು.

ಮಂಜಮ್ಮ ಜೋಗತಿಯವರ ಹೆಸರು ನೀವು ಕೇಳಿರುತ್ತೀರಿ. 2021ರ ಪದ್ಮಶ್ರೀ ಪ್ರಶಸ್ತಿ ಸ್ವೀಕರಿಸಲು ಹೋದಾಗ ಅವರು ರಾಷ್ಟ್ರಪತಿಗಳಿಗೆ ಸೀರೆಯ ಸೆರಗಿನಿಂದ ದೃಷ್ಟಿ ತೆಗೆದದ್ದನ್ನು ಟಿವಿಯಲ್ಲಿ ನೋಡಿ ಮೆಚ್ಚಿದ್ದೀರಿ. ಬಳ್ಳಾರಿ ಸೀಮೆಯ ಕಲ್ಲುಕಂಬದಲ್ಲಿ ಹುಟ್ಟಿದಾಗ ಅವರ ಹೆಸರು ಮಂಜುನಾಥ ಶೆಟ್ಟಿ. ಹತ್ತನೆಯ ತರಗತಿಯವರೆಗೆ ಓದಿದರು. ಹದಿಹರೆಯದಲ್ಲಿ ತಾನು ಹೆಣ್ಣು ಎಂಬ ಭಾವ ಬಲವಾಯಿತು. 1975ರಲ್ಲಿ ಮನೆಯವರು ಹೊಸಪೇಟೆ ಬಳಿಯ ಹುಲಿಗೆಮ್ಮನ ಗುಡಿಗೆ ಕರೆದೊಯ್ದು ಜೋಗಪ್ಪನಾಗಿ ದೀಕ್ಷೆ ಕೊಡಿಸಿದರು. ಉಡಿದಾರ ಹರಿದು, ಬಳೆ ತೊಡಿಸಿ, ದೇವಿಗೆ ಒಪ್ಪಿಸಿದ ಆ ದಿನ ತಾಯಿ ಮಗ ಸತ್ತನೆಂದೇ ಅತ್ತರಂತೆ. ಆಮೇಲೆ ಆ ಮಗುವಿಗೆ ಮನೆಯೆಂಬುದು ಇಲ್ಲವಾಯಿತು. ವಿಷ ಕುಡಿದು ಬದುಕಿ ಉಳಿದದ್ದು, ಸೀರೆಯುಟ್ಟು ಬೀದಿಯಲ್ಲಿ ಭಿಕ್ಷೆ ಬೇಡಿದ್ದು, ದುಷ್ಟರ ಕೈಗೆ ಸಿಕ್ಕಿ ಹಣವನ್ನೂ ಮಾನವನ್ನೂ ಕಳೆದುಕೊಂಡದ್ದು, ಎಲ್ಲವನ್ನೂ ಅವರೇ ಹೇಳಿಕೊಂಡಿದ್ದಾರೆ. ದಾವಣಗೆರೆಯಲ್ಲಿ ತಂದೆಮಗ ಇಬ್ಬರು ಮಾಡುತ್ತಿದ್ದ ಜೋಗತಿ ಕುಣಿತ ನೋಡಿ ಕಲಿತರು. ಕಾಳವ್ವ ಜೋಗತಿಯ ಮೇಳ ಸೇರಿದರು. 2019ರಲ್ಲಿ ಕರ್ನಾಟಕ ಜಾನಪದ ಅಕಾಡೆಮಿಯ ಅಧ್ಯಕ್ಷರಾದರು.

ಪದ್ಮಶ್ರೀ ಬಂದ ಮೇಲೆ ಈ ಕತೆ ನಮಗೆ ಸುಖಾಂತವಾಗಿ ಕೇಳಿಸುತ್ತದೆ. ನನಗೆ ಹಾಗೆ ಓದಲು ಆಗುವುದಿಲ್ಲ. ಆ ವಿಷ ಕೆಲಸ ಮಾಡಿದ್ದರೆ? ಅದೇ ದಾರಿಯಲ್ಲಿ ಹೋಗಿ ಕುಣಿತ ಕಲಿಯದೆ, ಮೇಳ ಸಿಗದೆ ಹೋದವರ ಲೆಕ್ಕ ಇಟ್ಟವರು ಯಾರು? ಇನ್ನೊಂದು ಮಾತು. 'ಇದೆಲ್ಲ ಮೊಬೈಲ್ ನೋಡಿ ಬಂದ ರೋಗ' ಎನ್ನುವವರು 1975ರ ಕಲ್ಲುಕಂಬದಲ್ಲಿ ಯಾವ ಮೊಬೈಲ್ ಇತ್ತೆಂದು ಹೇಳಬೇಕು.

ಆ ಕುಟುಂಬದ ನಂಬಿಕೆ ನಮ್ಮದಲ್ಲ, ಆ ದೀಕ್ಷೆಯನ್ನು ನಾವು ಒಪ್ಪುವುದೂ ಇಲ್ಲ. ಆದರೆ ಆ ಪದ್ಧತಿಯಲ್ಲಿ ಮನೆ ಬಿಟ್ಟ ಮಗುವಿಗೆ ಒಂದು ಹೆಸರು, ಒಂದು ಗುಡಿ, ಜೊತೆಗೆ ನಡೆಯುವ ಒಂದು ಗುಂಪಾದರೂ ಸಿಕ್ಕಿತು. ನಮ್ಮ ಕ್ರೈಸ್ತ ಮನೆಯಿಂದ ಹೊರಬಿದ್ದ ಮಗು ಎಲ್ಲಿಗೆ ಹೋಗಬೇಕು? ತರೀಕೆರೆಯಲ್ಲಿ ರೈಲು ಹತ್ತಿದರೆ ಬೆಂಗಳೂರು. ಅಲ್ಲಿ ಸಿಗ್ನಲ್ಲಿನಲ್ಲಿ ಕೈಚಾಚುವುದು, ಇಲ್ಲವೇ ರಾತ್ರಿಯ ಕೆಲಸ. ಅವರು ಕಾರಿನ ಗಾಜು ತಟ್ಟಿದಾಗ ನಾವು ಮುಖ ತಿರುಗಿಸುತ್ತೇವೆ. ಅವರಲ್ಲಿ ದೀಕ್ಷಾಸ್ನಾನ ಪಡೆದವರು ಯಾರೂ ಇಲ್ಲವೆಂದು ಯಾವ ಧೈರ್ಯದಿಂದ ಹೇಳೋಣ?

ಈಗ ತತ್ವದ ಮಾತಿಗೆ ಬರೋಣ. ಹದಿಮೂರನೆಯ ಶತಮಾನದಲ್ಲಿ ಸಂತ ತೋಮಸ್ ಅಕ್ವಿನಾಸರ ಮುಂದೆ ಒಂದು ಪ್ರಶ್ನೆ ಬಂದಿತ್ತು: ಅನ್ಯಧರ್ಮದವರ ಮಕ್ಕಳಿಗೆ ತಂದೆತಾಯಿಯ ಒಪ್ಪಿಗೆಯಿಲ್ಲದೆ ದೀಕ್ಷಾಸ್ನಾನ ಕೊಡಬಹುದೇ? ಕೂಡದು ಎಂದರು ಅವರು. ಹುಟ್ಟುವ ಮುಂಚೆ ಮಗು ತಾಯಿಯ ಗರ್ಭದಲ್ಲಿರುತ್ತದೆ. ಹುಟ್ಟಿದ ಮೇಲೆ, ಸ್ವಂತ ವಿವೇಕ ಬರುವವರೆಗೆ, ತಂದೆತಾಯಿಯ ಆರೈಕೆಯೆಂಬ ಇನ್ನೊಂದು ಗರ್ಭದಲ್ಲಿರುತ್ತದೆ, ಇದು ಪ್ರಕೃತಿಯ ನಿಯಮ ಎಂಬುದು ಅವರು ಕೊಟ್ಟ ಕಾರಣ. ಸೆಮಿನರಿಯಲ್ಲಿ ಇದನ್ನು ಓದುವಾಗ ತಂದೆತಾಯಿಯ ಹಕ್ಕಿನ ವಿಷಯವಾಗಿಯೇ ಓದುತ್ತೇವೆ. ಆದರೆ ಗರ್ಭ ಎಂಬ ಆ ಮಾತಿನಲ್ಲಿ ಹಕ್ಕಿಗಿಂತ ಹೊರೆ ಹೆಚ್ಚು. ಒಳಗಿರುವುದು ಗಂಡೋ ಹೆಣ್ಣೋ, ಕಪ್ಪೋ ಬಿಳಿಯೋ, ಆರೋಗ್ಯವಾಗಿದೆಯೋ ಇಲ್ಲವೋ ತಿಳಿಯದೆ ತಾಯಿ ಒಂಬತ್ತು ತಿಂಗಳು ಹೊರುತ್ತಾಳೆ. ಅರ್ಥವಾದ ಮೇಲೆ ಹೊರುತ್ತೇನೆ ಎಂದು ಯಾವ ತಾಯಿಯೂ ಹೇಳಿದ್ದಿಲ್ಲ. ಹದಿನಾಲ್ಕು ವರ್ಷದ ಮಗುವಿಗೆ ವಿವೇಕ ಬಂದಿದೆಯಲ್ಲ ಎಂದು ನೀವು ವಾದಿಸಬಹುದು. ಹಾಗಾದರೆ ಅದರ ಮಾತನ್ನು ಒಂದಿಷ್ಟು ಕೇಳಬೇಕಾಗುತ್ತದೆ. ವಿವೇಕ ಬಂದಿಲ್ಲ ಎನ್ನುವುದಾದರೆ ಇನ್ನೂ ಹೊರಬೇಕಾಗುತ್ತದೆ. ಹೊರಗೆ ಹಾಕಲು ಈ ಎರಡರಲ್ಲಿ ಯಾವುದರಿಂದಲೂ ಅಪ್ಪಣೆ ಸಿಗುವುದಿಲ್ಲ.

'ಮನೆಯಲ್ಲಿಟ್ಟುಕೊಂಡರೆ ಒಪ್ಪಿದಂತೆ ಆಗುವುದಿಲ್ಲವೇ?' ಎಂಬ ಆಕ್ಷೇಪಣೆಯನ್ನು ನಾನು ಹಗುರವಾಗಿ ಕಾಣುವುದಿಲ್ಲ. ಲಿಂಗವೆಂಬುದು ನಾವೇ ಆರಿಸಿಕೊಳ್ಳುವಂಥದ್ದು ಎಂಬ ಸಿದ್ಧಾಂತವನ್ನು ಧರ್ಮಸಭೆ ಒಪ್ಪುವುದಿಲ್ಲ. ಏಪ್ರಿಲ್ 2024ರಲ್ಲಿ ವ್ಯಾಟಿಕನ್ ಹೊರಡಿಸಿದ 'ಡಿಗ್ನಿತಾಸ್ ಇನ್ಫಿನಿತಾ' ಎಂಬ ಪತ್ರ ಅದನ್ನೂ ಲಿಂಗ ಬದಲಾವಣೆಯ ಶಸ್ತ್ರಚಿಕಿತ್ಸೆಯನ್ನೂ ಸ್ಪಷ್ಟವಾಗಿ ಟೀಕಿಸಿತು (ಹುಟ್ಟಿನಿಂದಲೇ ಅಂಗದ ತೊಂದರೆ ಇರುವವರ ಚಿಕಿತ್ಸೆ ಬೇರೆ ವಿಷಯ ಎಂದೂ ಹೇಳಿತು). ಗುರುವಾಗಿ ನಾನು ಆ ಬೋಧನೆಗೆ ಬದ್ಧ. ಆದರೆ ಅದೇ ಪತ್ರ ಮನುಷ್ಯನ ಘನತೆ ಯಾವ ಸ್ಥಿತಿಯಲ್ಲೂ ಅಳಿಯದು ಎಂಬ ಮಾತಿನಿಂದಲೇ ಆರಂಭವಾಗುತ್ತದೆ. ಅದಕ್ಕೆ ಕೆಲವು ತಿಂಗಳ ಹಿಂದೆ, 2023ರಲ್ಲಿ, ಬ್ರೆಜಿಲಿನ ಧರ್ಮಾಧ್ಯಕ್ಷರೊಬ್ಬರ ಪ್ರಶ್ನೆಗೆ ವ್ಯಾಟಿಕನ್ನಿನ ವಿಶ್ವಾಸ ಸಿದ್ಧಾಂತ ವಿಭಾಗ ಕೊಟ್ಟ ಉತ್ತರದಲ್ಲಿ ಈ ಹದಿಹರೆಯದವರ ಮಾತೇ ಇದೆ. ಸಿದ್ಧತೆಯೂ ಇಚ್ಛೆಯೂ ಇದ್ದರೆ ಅವರಿಗೆ ದೀಕ್ಷಾಸ್ನಾನ ಕೊಡಬಹುದು ಎಂದು ಪೋಪ್ ಫ್ರಾನ್ಸಿಸ್ ಅವರ ಅನುಮೋದನೆಯೊಡನೆ ಅದು ತಿಳಿಸಿತು. ಧರ್ಮಸಭೆಯ ಮನೆಬಾಗಿಲು ತೆರೆದಿದ್ದು, ನಮ್ಮ ಮನೆಬಾಗಿಲು ಮುಚ್ಚಿಕೊಂಡರೆ ಅದನ್ನು ಭಕ್ತಿ ಎಂದು ಕರೆಯಲಾದೀತೇ?

ಇನ್ನು ಪಾಪದ ಮಾತು. ತಾನಾಗಿ ಆರಿಸಿಕೊಳ್ಳದ ಭಾವನೆ ಪಾಪವಲ್ಲ. ಧರ್ಮೋಪದೇಶದ ತರಗತಿಯಲ್ಲೇ ಕಲಿಸುವ ಪಾಠ ಇದು. ದುಂದುಗಾರ ಮಗನ ಸಾಮತಿಯನ್ನು ಇಲ್ಲಿ ಉದಾಹರಿಸುವವರೂ ಇದ್ದಾರೆ: 'ಹೋಗಲಿ ಬಿಡಿ, ಬುದ್ಧಿ ಬಂದಾಗ ಹಿಂತಿರುಗುತ್ತಾನೆ.' ಸ್ವಾಮಿ, ಆ ಮಗ ತನ್ನ ಪಾಲು ಕೇಳಿ ಪಡೆದು, ತಾನೇ ಹೊರಟುಹೋದ. ತಂದೆ ದಬ್ಬಿದನೆಂದು ಶುಭಸಂದೇಶದಲ್ಲಿ ಎಲ್ಲೂ ಇಲ್ಲ.

ಶಾಲೆಯ ಕಷ್ಟ ಮನೆಯವರಿಗೆ ತಿಳಿಯುವುದು ಕಡಿಮೆ. ನಮ್ಮ ಕನ್ನಡ ಶಾಲೆಗಳಲ್ಲಿ ಇಂಥ ಹುಡುಗನನ್ನು ಅಣಕಿಸಲು ಒಂದು ಅಂಕೆ ಸಾಕು. ಗಣಿತದ ಮೇಷ್ಟ್ರು ಬೋರ್ಡಿನ ಮೇಲೆ 'ಒಂಬತ್ತು' ಬರೆದರೆ ಇಡೀ ತರಗತಿ ಒಬ್ಬನ ಕಡೆ ತಿರುಗಿ ನಗುತ್ತದೆ. ಕೆಲವೊಮ್ಮೆ ಮೇಷ್ಟ್ರೂ ನಗುತ್ತಾರೆ. ಶೌಚಾಲಯಕ್ಕೆ ಹೋದರೆ ಹುಡುಗರು ಬಟ್ಟೆ ಎಳೆಯುತ್ತಾರೆಂದು ಬೆಳಗಿನಿಂದ ಸಂಜೆಯವರೆಗೆ ನೀರು ಕುಡಿಯದೆ, ಮೂತ್ರ ತಡೆದು ಕೂರುವ ಮಕ್ಕಳಿದ್ದಾರೆ. ಅದರಿಂದ ಸೋಂಕು ಬಂದು ಹೊಟ್ಟೆನೋವು ಎಂದು ಮಲಗಿದರೆ ನಾವು ಸೋಮಾರಿತನ ಎನ್ನುತ್ತೇವೆ. ಒಂಬತ್ತನೆಯ ತರಗತಿಯಲ್ಲಿ ಶಾಲೆ ಬಿಟ್ಟರೆ ಮುಂದಿನ ಬದುಕೂ ಅಲ್ಲೇ ನಿಲ್ಲುತ್ತದೆ. 2021ರಲ್ಲಿ ಕರ್ನಾಟಕ ಸರ್ಕಾರ ನೇಮಕಾತಿಯಲ್ಲಿ ಈ ಜನರಿಗೆ ಶೇಕಡಾ 1ರಷ್ಟು ಮೀಸಲಾತಿ ತಂದಿತು. ಎಸ್‌ಎಸ್‌ಎಲ್‌ಸಿಯನ್ನೇ ಮುಗಿಸದವರು ಅದನ್ನು ಹೇಗೆ ಮುಟ್ಟಬೇಕು? ನಮ್ಮ ಶಾಲೆಗಳ ಮುಖ್ಯೋಪಾಧ್ಯಾಯಿನಿ ಭಗಿನಿಯರು ಒಂದು ಪ್ರತ್ಯೇಕ ಶೌಚಾಲಯದ ಕೀಲಿಯನ್ನು ಸದ್ದಿಲ್ಲದೆ ಇಂಥ ಮಗುವಿಗೆ ಕೊಡಬಹುದು. ಅದಕ್ಕೆ ಯಾರ ಸಿದ್ಧಾಂತವೂ ಅಡ್ಡಬರುವುದಿಲ್ಲ.

ಆರೋಗ್ಯದ ವಿಷಯದಲ್ಲಿ ಒಂದೆರಡು ಎಚ್ಚರಿಕೆಗಳು. ವಿಶ್ವ ಆರೋಗ್ಯ ಸಂಸ್ಥೆ 2019ರಲ್ಲಿ ಒಪ್ಪಿದ ರೋಗಗಳ ಹೊಸ ಪಟ್ಟಿಯಲ್ಲಿ ಇದನ್ನು ಮನೋರೋಗಗಳ ಸಾಲಿನಿಂದ ತೆಗೆದುಹಾಕಿತು. 'ಬದಲಾಯಿಸಿ ಕೊಡುತ್ತೇವೆ' ಎನ್ನುವ ಚಿಕಿತ್ಸೆಯನ್ನು ರಾಷ್ಟ್ರೀಯ ವೈದ್ಯಕೀಯ ಆಯೋಗ 2022ರಲ್ಲಿ ವೃತ್ತಿ ದುರ್ನಡತೆ ಎಂದಿತು. ಆದ್ದರಿಂದ ಷಾಕ್ ಕೊಡಿಸುವುದು, ಮಂತ್ರವಾದಿಯಲ್ಲಿಗೆ ಕರೆದೊಯ್ಯುವುದು, ದೆವ್ವ ಬಿಡಿಸಿ ಎಂದು ಪ್ರಾರ್ಥನಾಕೂಟಗಳಿಗೆ ಎಳೆದಾಡುವುದು, ಮದುವೆ ಮಾಡಿದರೆ ಸರಿಹೋಗುತ್ತದೆ ಎಂದು ಇನ್ನೊಬ್ಬರ ಮಗಳ ಬದುಕನ್ನೂ ಕೆಡಿಸುವುದು, ಇವು ಯಾವುವೂ ಬೇಡ. ಇನ್ನೊಂದು ಕಡೆ, ಗುಟ್ಟಾಗಿ ಔಷಧದಂಗಡಿಯಿಂದ ಗರ್ಭನಿರೋಧಕ ಗುಳಿಗೆ ತಂದು ನುಂಗಿ ದೇಹ ಬದಲಿಸಿಕೊಳ್ಳಲು ನೋಡುವ ಮಕ್ಕಳಿದ್ದಾರೆ, ಅದು ಅಪಾಯ. ಪ್ರೌಢಾವಸ್ಥೆಯನ್ನೇ ತಡೆಯುವ ಔಷಧಗಳ ಬಗ್ಗೆ ವೈದ್ಯರಲ್ಲೇ ಒಮ್ಮತವಿಲ್ಲ. ಇಂಗ್ಲೆಂಡಿನಲ್ಲಿ 2024ರಲ್ಲಿ ಅವುಗಳನ್ನು ಮಕ್ಕಳಿಗೆ ವಾಡಿಕೆಯಂತೆ ಬರೆದುಕೊಡುವುದನ್ನು ನಿಲ್ಲಿಸಿದರು. ಅವಸರ ಬೇಡ. ಆದರೆ ಮನೆಯಲ್ಲಿ ಮಾತಾಡಲು ಒಬ್ಬರೂ ಇಲ್ಲದಿದ್ದರೆ ಮಗು ಆ ಗುಳಿಗೆಯ ಬಗ್ಗೆ ಯಾರನ್ನು ಕೇಳೀತು? ನಮ್ಮ ಊರಿಗೆ ಶಿವಮೊಗ್ಗ ಹತ್ತಿರ. ಅಲ್ಲಿನ ಮೆಗ್ಗಾನ್ ಆಸ್ಪತ್ರೆಯ ಮನೋವೈದ್ಯರನ್ನು ಕಾಣಬಹುದು. ಸಾಯುವ ಮಾತು ಮಗುವಿನ ಬಾಯಲ್ಲಿ ಬಂದರೆ ಅದೇ ದಿನ, ಅದೇ ಗಂಟೆ 14416ಕ್ಕೆ ಫೋನ್ ಮಾಡಿ. ಅದು ಸರ್ಕಾರದ ಟೆಲಿ ಮಾನಸ್ ಸಹಾಯವಾಣಿ, ಕರೆಗೆ ಹಣವಿಲ್ಲ.

ಕಾನೂನೂ ಸುಮ್ಮನಿಲ್ಲ. ಸಂಸತ್ತು 2019ರಲ್ಲಿ ಮಾಡಿದ ಕಾಯ್ದೆಯು, ಲಿಂಗತ್ವದ ಕಾರಣಕ್ಕೆ ಯಾವ ಮಗುವನ್ನೂ ನ್ಯಾಯಾಲಯದ ಆದೇಶವಿಲ್ಲದೆ ತಂದೆತಾಯಿಯಿಂದ ಬೇರ್ಪಡಿಸಬಾರದು ಎಂದಿತು; ಇಂಥವರನ್ನು ಮನೆ ಬಿಡಿಸುವುದನ್ನು ಸೆರೆವಾಸದ ಅಪರಾಧವನ್ನಾಗಿಯೂ ಮಾಡಿತು. ಪೊಲೀಸರ ಭಯದಿಂದ ಮಗುವನ್ನು ಇಟ್ಟುಕೊಳ್ಳಿ ಎಂದು ನಾನು ಹೇಳುತ್ತಿಲ್ಲ. ಆದರೂ ತಿಳಿದಿರಲಿ.

ನಿಜವಾದ ಭಯ ಯಾವುದೆಂದು ನನಗೂ ಗೊತ್ತು, ನಿಮಗೂ ಗೊತ್ತು. ತಂಗಿಯ ಮದುವೆ. 'ಅಣ್ಣ ಹೀಗಂತೆ' ಎಂದು ಸುದ್ದಿಯಾದರೆ ಸಂಬಂಧ ಯಾರು ಬೆಳೆಸುತ್ತಾರೆ? ಎಷ್ಟೋ ತಂದೆತಾಯಿ ಒಂದು ಮಗುವನ್ನು ಉಳಿಸಲು ಇನ್ನೊಂದನ್ನು ಕೈಬಿಡುತ್ತಾರೆ. ಅವರನ್ನು ಕಟುಕರೆಂದು ಕರೆಯಲು ನನಗೆ ಮನಸ್ಸಿಲ್ಲ. ಆ ಭಯವನ್ನು ಹುಟ್ಟಿಸಿದವರು ಅವರಲ್ಲ. ಬಲಿಪೂಜೆ ಮುಗಿದ ಮೇಲೆ ದೇವಾಲಯದ ಅಂಗಳದಲ್ಲಿ ನಿಂತು ಪಿಸುಗುಟ್ಟುವ ನಾವು, ಸಂಬಂಧ ನೋಡುವಾಗ 'ಮನೆಯಲ್ಲಿ ಬೇರೆ ಏನಾದರೂ ತೊಂದರೆ ಇದೆಯೇ' ಎಂದು ಕೇಳುವ ನಾವು ಅದನ್ನು ಹುಟ್ಟಿಸಿದವರು. 2017ರಲ್ಲಿ ಕೊಚ್ಚಿ ಮೆಟ್ರೋ ರೈಲಿನಲ್ಲಿ ಇಂಥ 23 ಮಂದಿಗೆ ಕೆಲಸ ಸಿಕ್ಕಿತು. ಬಾಡಿಗೆ ಮನೆ ಯಾರೂ ಕೊಡದ ಕಾರಣ ಕೆಲವರು ಬಂದ ಕೆಲಸವನ್ನೇ ಬಿಟ್ಟರು. ಆಗ ತಂಗಲು ಜಾಗ ಕೊಡಲು ಮುಂದೆ ಬಂದವರು ಕಾರ್ಮೆಲ್ ಸಭೆಯ ಕನ್ಯಾಸ್ತ್ರೀಯರು. ಅವರು ಧರ್ಮೋಪದೇಶದ ಯಾವ ಪುಟವನ್ನೂ ತಿದ್ದಲಿಲ್ಲ, ಕೋಣೆ ಕೊಟ್ಟರು.

ನಿಮ್ಮ ಧರ್ಮಕೇಂದ್ರದಲ್ಲಿ ಇಂಥ ಮನೆಯೊಂದು ಇದೆಯೆಂದು ತಿಳಿದಿದ್ದರೆ, ಕ್ರಿಸ್‌ಮಸ್ಸಿಗೆ ಕಜ್ಜಾಯ ಕೊಡಲು ಹೋದಾಗ ಆ ಮಗುವಿನ ಹೆಸರು ಹಿಡಿದು ಎಲ್ಲಿದೆ ಎಂದು ಕೇಳಿ. ಒಳಕೋಣೆಯಿಂದ ಹೊರಗೆ ಬಂದರೆ ಅದರ ಕೈಗೂ ಒಂದು ಕಜ್ಜಾಯ ಕೊಡಿ. ಗಾಯನ ವೃಂದದಲ್ಲಿ ಯಾವ ಸಾಲಿನಲ್ಲಿ ನಿಲ್ಲಲಿ ಎಂದು ಅದು ಕೇಳಿದರೆ, ನಿಮ್ಮ ಪಕ್ಕದಲ್ಲಿ ಜಾಗ ಮಾಡಿ. ಉಳಿದ ಪ್ರಶ್ನೆಗಳಿಗೆ ಗುರುಗಳ ಮನೆಯ ಬಾಗಿಲು ಸಂಜೆ ಹೊತ್ತು ತೆರೆದೇ ಇರುತ್ತದೆ.