ಯಾರ ಹೆಸರಿದು?

ಮಗುವಿಗೆ ಹೆಸರಿಟ್ಟ ಸುದ್ದಿ ಕಿವಿಗೆ ಬಿದ್ದೊಡನೆ ಈಗ ನಮ್ಮ ಬಾಯಿಂದ ಬರುವ ಮೊದಲ ಮಾತು, ‘ಹಾಗಂದರೇನು?’ ಎರಡು ತಲೆಮಾರಿನ ಹಿಂದೆ ಇದನ್ನು ಯಾರೂ ಕೇಳುತ್ತಿರಲಿಲ್ಲ. ಆಗ ಕೇಳುತ್ತಿದ್ದುದು, ‘ಯಾರ ಹೆಸರಿಟ್ಟಿರಿ?’ ಎಂದು. ಅಜ್ಜನದೋ ಮುತ್ತಜ್ಜಿಯದೋ ಮನೆದೇವರದೋ, ಹೆಸರೆಂಬುದು ಮನೆಯ ಹಿತ್ತಾಳೆ ಕೊಳಗದ ಹಾಗೆ ಮೊದಲಿಂದಲೂ ಇದ್ದದ್ದು. ಒಬ್ಬರು ಬಿಟ್ಟುಹೋದದ್ದನ್ನು ಇನ್ನೊಬ್ಬರು ಎತ್ತಿಕೊಳ್ಳುತ್ತಿದ್ದರು. ಅದಕ್ಕೆ ಅರ್ಥ ಬೇಕೆಂದು ಯಾರಿಗಾದರೂ ಏಕೆ ಅನಿಸಬೇಕಿತ್ತು?

ತಿರುಪ್ಪೂರು, ಕೊಯಮತ್ತೂರು ಸೀಮೆಯ ಕನ್ನಡ ಮನೆಮಾತಿನ ದೇವಾಂಗರ ನಡುವೆ ಈ ಬದಲಾವಣೆ ಎದ್ದು ಕಾಣುತ್ತದೆ. ತಲೆಮಾರುಗಳಿಂದ ಮಗ್ಗದ ಮುಂದೆ ಕೂತು ಬಂದ ಈ ಜನಕ್ಕೆ ಹೊಸಿಲೊಳಗೆ ಕನ್ನಡ, ಹೊಸಿಲಾಚೆ ತಮಿಳು. ಕುಲದೇವತೆ ಚೌಡೇಶ್ವರಿಯೂ ಅಲ್ಲಿ ಸೌಡಾಂಬಿಕೈ ಆಗಿದ್ದಾಳೆ. ಅವಳ ಹೆಸರು, ರಾಮಲಿಂಗನ ಹೆಸರು ಮನೆಮನೆಯಲ್ಲೂ ಇದ್ದವು. ಅಂಥ ಒಂದು ಮನೆಯ ನಾಮಕರಣಕ್ಕೆ ನಾನು ಹೋಗಿದ್ದೆ. ತಟ್ಟೆಯಲ್ಲಿ ಹರವಿದ ಅಕ್ಕಿಯ ಮೇಲೆ ತಂದೆ ಉಂಗುರ ಹಿಡಿದು ಬರೆದ ಹೆಸರು, ಯಾೞಿನಿ. ಯಾೞ್ ಎಂದರೆ ಪ್ರಾಚೀನ ತಮಿಳು ಕಾವ್ಯಗಳಲ್ಲಿ ಬರುವ ತಂತಿವಾದ್ಯ. ನುಡಿಸುವವರೇ ಇಲ್ಲವಾಗಿ ಶತಮಾನಗಳು ಕಳೆದ ಮೇಲೆ, ಅದರ ರಚನೆಯನ್ನೂ ಸ್ವರದ ಲೆಕ್ಕವನ್ನೂ ಹಳೆಯ ಗ್ರಂಥಗಳಿಂದ ಬಿಡಿಸಿ ವಿಪುಲಾನಂದ ಸ್ವಾಮಿಗಳು 1947ರಲ್ಲಿ ‘ಯಾೞ್ ನೂಲ್’ ಎಂಬ ದೊಡ್ಡ ಗ್ರಂಥವನ್ನೇ ಹೊರತಂದರು. ವಾದ್ಯ ಮರಳಿ ಮನೆಮಾತಾಗಲಿಲ್ಲ. ಅದರ ಹೆಸರಿಗೆ ಹೊಸ ಬಾಲ ಅಂಟಿಸಿ ಮಾಡಿದ ಹೆಣ್ಣುಮಕ್ಕಳ ಹೆಸರು ಮಾತ್ರ ಇಂದು ತಮಿಳುನಾಡಿನ ಶಾಲೆಗಳ ಹಾಜರಿ ಪುಸ್ತಕದಲ್ಲಿ ಧಾರಾಳವಾಗಿ ಸಿಗುತ್ತದೆ. ಕನ್ನಡಿಗರ ಬಾಯಿಂದ ಎಂದೋ ಜಾರಿಹೋದ ಹಳಗನ್ನಡದ ೞಕಾರವನ್ನು ಆ ಮನೆಯ ಅಜ್ಜಿ ಸಲೀಸಾಗಿ ಉಚ್ಚರಿಸಿದರು. ಆಮೇಲೆ ಸೊಸೆಯ ಕಡೆ ತಿರುಗಿ, ‘ಚೆನ್ನಾಗಿದೆ ಕಣಮ್ಮಾ, ಯಾರ ಹೆಸರಿದು?’ ಎಂದು ಕೇಳಿದರು.

‘ಇವಳದೇ, ಅತ್ತೆ’ ಎಂದಳು ಆ ತಾಯಿ.

ಆ ಉತ್ತರದ ಬಗ್ಗೆ ಯೋಚಿಸಿದಷ್ಟೂ ನನಗೆ ಹಳೆಯ ಪದ್ಧತಿಯ ಒಂದು ಮಗ್ಗುಲು ಕಣ್ಣಮುಂದೆ ಬರುತ್ತದೆ. ಮಗನಿಗೆ ಮಾವನ ಹೆಸರು, ಮಗಳಿಗೆ ಅತ್ತೆಯ ಹೆಸರು ಇಡುತ್ತಿದ್ದ ಮನೆಗಳಲ್ಲಿ ಆ ಹೆಸರನ್ನು ಬಾಯಿಬಿಟ್ಟು ಕರೆಯಲಾಗದೆ ಇದ್ದವಳು ಒಬ್ಬಳೇ, ಹೆತ್ತ ತಾಯಿ. ಹಿರಿಯರ ಹೆಸರನ್ನು ಸೊಸೆ ಎತ್ತಬಾರದು. ಹಾಗಾಗಿ ಅವಳ ಪಾಲಿಗೆ ಮಗು ಸ್ವಾಮಿಯೋ ರಾಜನೋ ಪುಟ್ಟಿಯೋ ಆಗಿಯೇ ಉಳಿಯುತ್ತಿತ್ತು. ಒಂಬತ್ತು ತಿಂಗಳು ಹೊತ್ತವಳು ತನ್ನ ಕೂಸಿನ ನಿಜವಾದ ಹೆಸರನ್ನು ನಾಲಗೆಯ ತುದಿಯಲ್ಲೇ ತಡೆದುಕೊಂಡು ಬಾಳು ಸವೆಸಿದ್ದನ್ನು ನಾವು ಮರ್ಯಾದೆ ಎಂದು ಕರೆದೆವು. ಹಿಂದೆ ಯಾರದೂ ಆಗಿರದ ಹೆಸರೊಂದು ಮನೆಗೆ ಬಂದಾಗ ಮೊದಲು ಬಿಡುಗಡೆಯಾದದ್ದು ಆ ನಾಲಗೆ. ಹೊಸ ಹೆಸರುಗಳ ಮೂಲವನ್ನು ನಿಘಂಟಿನಲ್ಲಿ ಹುಡುಕುವವರು ಈ ಮೂಲವನ್ನೂ ಗಮನಿಸಬೇಕೆಂದು ನನಗನ್ನಿಸುತ್ತದೆ.

ಹಳೆಯ ಸಾಲಿನಿಂದ ಹೀಗೆ ಹೊರಗೆ ಹೆಜ್ಜೆಯಿಟ್ಟವರಲ್ಲಿ ನಮ್ಮ ದೊಡ್ಡವರೂ ಇದ್ದಾರೆ. ಕುಪ್ಪಳಿಯ ವೆಂಕಟಪ್ಪನವರ ಮಗ ಪುಟ್ಟಪ್ಪ. ಆ ಪುಟ್ಟಪ್ಪ ಕುವೆಂಪು ಆದ ಮೇಲೆ, 1938ರಲ್ಲಿ ಹುಟ್ಟಿದ ಮಗನಿಗೆ ಪೂರ್ಣಚಂದ್ರ ತೇಜಸ್ವಿ ಎಂದು ಹೆಸರಿಟ್ಟರು. ಇನ್ನೊಬ್ಬ ಮಗ ಕೋಕಿಲೋದಯ ಚೈತ್ರ. ಅಪ್ಪ, ಅಯ್ಯಗಳ ಊರಿನಲ್ಲಿ ಆ ಹೆಸರುಗಳು ಎಷ್ಟು ವಿಚಿತ್ರವಾಗಿ ಕೇಳಿಸಿರಬೇಡ! ತೇಜಸ್ವಿ ತಮ್ಮ ಮಗಳೊಬ್ಬಳನ್ನು ಈಶಾನ್ಯೆ ಎಂದು ಕರೆದರು. ಅಮರ್ತ್ಯ ಸೇನರ ಹೆಸರೂ 1933ರಲ್ಲಿ ಶಾಂತಿನಿಕೇತನದಲ್ಲಿ ರವೀಂದ್ರನಾಥ ಠಾಕೂರರು ಆಯ್ದು ಕೊಟ್ಟದ್ದು. ಐರ್ಲೆಂಡಿನ ಜೊನಾಥನ್ ಸ್ವಿಫ್ಟನಂತೂ ತನ್ನ ಗೆಳತಿ ಎಸ್ತರ್ ವ್ಯಾನ್‌ಹೋಮ್ರಿಯ ಮನೆತನದ ಹೆಸರಿನಿಂದ ಒಂದು ತುಂಡು, ಮುದ್ದಿನ ಹೆಸರಿನಿಂದ ಒಂದು ತುಂಡು ತೆಗೆದು ‘ವನೆಸ್ಸಾ’ ಎಂದು ಕಟ್ಟಿ, ಅವಳ ಮೇಲೆ ಬರೆದ ಕವಿತೆಯಲ್ಲಿ ಬಳಸಿದ. ಆ ಕವಿತೆ ಅಚ್ಚಾದದ್ದು 1726ರಲ್ಲಿ, ಅವಳು ತೀರಿಕೊಂಡ ಮೇಲೆ. ಒಬ್ಬಳಿಗಾಗಿ ಹುಟ್ಟಿದ ಆ ಹೆಸರನ್ನು ಮುಂದೆ ಅಸಂಖ್ಯ ಹುಡುಗಿಯರು ಹೊತ್ತರು. ಕೀಟಶಾಸ್ತ್ರಜ್ಞರು ಚಿಟ್ಟೆಗಳ ಒಂದು ಕುಲಕ್ಕೂ ಅದನ್ನೇ ಇಟ್ಟರು. ಇಂದು ನಮ್ಮ ಬಯಲುಗಳಲ್ಲಿ ಹಾರುವ ಚಿಟ್ಟೆಗೂ ಆ ಹೆಸರಿದೆ.

ಹೀಗಿದ್ದರೂ, ನಿನ್ನೆ ಮೊನ್ನೆ ಕಟ್ಟಿದ ಹೆಸರನ್ನು ನಿನ್ನೆ ಮೊನ್ನೆಯದೆಂದು ಒಪ್ಪಿಕೊಳ್ಳಲು ನಮಗೇಕೆ ಇಷ್ಟು ಸಂಕೋಚ? ತಂದೆಯ ಹೆಸರಿನ ಒಂದಕ್ಷರ, ತಾಯಿಯ ಹೆಸರಿನ ಎರಡಕ್ಷರ ಸೇರಿಸಿ ಮುದ್ದಾದ ಶಬ್ದವೊಂದನ್ನು ಮಾಡಿಕೊಂಡ ದಂಪತಿಗಳು, ನೆಂಟರು ಕೇಳಿದಾಗ ತಡವರಿಸಿ, ಅದು ವೇದದಲ್ಲಿದೆ, ವಿಷ್ಣುವಿನ ಇನ್ನೊಂದು ಹೆಸರು ಎಂದು ಹೇಳುವುದನ್ನು ಕೇಳಿದ್ದೇನೆ. ಪ್ರೀತಿಯಿಂದ ಕಟ್ಟಿದೆವು ಎನ್ನುವುದು ಸಾಲದೆಂದು ಅವರಿಗೆ ಯಾರು ಹೇಳಿಕೊಟ್ಟರು? ಹಳೆಯದಾದದ್ದಕ್ಕೆ ಮಾತ್ರ ಗೌರವ ಸಲ್ಲುತ್ತದೆ ಎಂಬ ಅಂಜಿಕೆ ಮಗುವಿನ ತೊಟ್ಟಿಲವರೆಗೂ ಬಂದು ನಿಂತಿದೆ.

ಹಳೆಯ ಹೆಸರುಗಳ ಅರ್ಥವೆಲ್ಲ ಹರಕೆಯೇ ಆಗಿತ್ತೆಂದೂ ಅಲ್ಲ. ಹುಟ್ಟಿದ ಮಕ್ಕಳು ಉಳಿಯದ ಮನೆಯಲ್ಲಿ, ಸಾವಿನ ಕಣ್ಣು ತಪ್ಪಿಸಲೆಂದು ಕೂಸನ್ನು ತಿಪ್ಪೆಯ ಮೇಲೆ ಹೊರಳಾಡಿಸಿ ತಿಪ್ಪಯ್ಯ, ತಿಪ್ಪಮ್ಮ ಎಂದು ಹೆಸರಿಡುತ್ತಿದ್ದರು; ತಮಿಳಿನ ಕುಪ್ಪುಸಾಮಿ, ಪಿಚ್ಚೈಗಳ ಹಿಂದೆಯೂ ಅದೇ ಭಯವಿತ್ತು. ಅಲ್ಲಿ ಅಸಹ್ಯದ ಶಬ್ದದೊಳಗೆ ಕರುಳಿನ ಕೂಗಿದೆ, ಅದಕ್ಕೆ ಕೈಮುಗಿಯಬೇಕು. ಆದರೆ ಮೇಲಿಂದ ಮೇಲೆ ಹೆಣ್ಣೇ ಹುಟ್ಟಿದಾಗ ಇಟ್ಟ ಸಾಕಮ್ಮ? ತಮಿಳು ಹಳ್ಳಿಗಳ ವೇಂಡಾಂ, ಅಂದರೆ ‘ಬೇಡ’? ಮಹಾರಾಷ್ಟ್ರದ ಸಾತಾರಾ ಜಿಲ್ಲೆಯಲ್ಲಿ ‘ನಕುಸಾ’, ಬೇಡವಾದವಳು, ಎಂಬ ಹೆಸರು ಹೊತ್ತಿದ್ದ 280ಕ್ಕೂ ಹೆಚ್ಚು ಹೆಣ್ಣುಮಕ್ಕಳಿಗೆ 2011ರಲ್ಲಿ ಜಿಲ್ಲಾಡಳಿತವೇ ಮುಂದೆ ನಿಂತು ಬೇರೆ ಹೆಸರು ಇಡಿಸಬೇಕಾಯಿತು. ತರಗತಿಯಲ್ಲಿ ದಿನವೂ ಹಾಜರಿ ಕೂಗುವಾಗ ‘ಬೇಡವಾದವಳು’ ಎಂಬ ಕರೆಗೆ ಎದ್ದು ನಿಂತು ಓಗೊಡುತ್ತಿದ್ದ ಹುಡುಗಿಗೆ ತನ್ನ ಹೆಸರಿನ ಅರ್ಥ ಚೆನ್ನಾಗಿಯೇ ಗೊತ್ತಿತ್ತು. ಅರ್ಥವೇ ಇಲ್ಲದ ಇಂಪಾದ ಹೆಸರೊಂದು ಅಂಥವಳಿಗೆ ಎಷ್ಟು ದೊಡ್ಡ ಕೊಡುಗೆಯಾಗುತ್ತಿತ್ತು!

ಕಳೆದುಕೊಳ್ಳುವುದೂ ಇದೆ, ಅದನ್ನು ಮರೆಮಾಚಲಾರೆ. ಆ ದೇವಾಂಗರ ಮನೆಯ ಅಜ್ಜಿ ತನ್ನ ಅಜ್ಜಿಯ ಹೆಸರನ್ನು ಹೊತ್ತು ಬಂದವರು. ಅವರ ನಂತರ ಚೌಡಮ್ಮ ಎಂಬ ಕರೆಗೆ ಓಗೊಡುವವರು ಆ ಮನೆಯಲ್ಲಿ ಯಾರೂ ಇರುವುದಿಲ್ಲ. ತಮಿಳು ನಾಡಿನ ನಡುವೆ ಕನ್ನಡವನ್ನು ಉಳಿಸಿಕೊಂಡು ಬಂದ ಕೊಂಡಿಗಳಲ್ಲಿ ಹೆಸರೂ ಒಂದಾಗಿತ್ತು. ನಿಮ್ಮ ಹೆಸರಿಡಲಿಲ್ಲವೆಂದು ಬೇಸರವಾಗಲಿಲ್ಲವೇ ಎಂದು ಕೇಳಿದೆ. ‘ನನ್ನದನ್ನ ನಾ ಹೊತ್ತೆ. ಅದರದು ಅದಕ್ಕಿರಲಿ’ ಎಂದರು.

ತಮಿಳು ನಾಡಿಗೆ ಹೆಸರನ್ನು ಹೊಸದಾಗಿ ಕಟ್ಟುವ ಧೈರ್ಯ ಹೊಸದೇನಲ್ಲ. ತನಿತ್ತಮಿಳ್, ಅಂದರೆ ಶುದ್ಧ ತಮಿಳಿನ, ಚಳವಳಿಯಲ್ಲಿ ವೇದಾಚಲಂ ಮರೈಮಲೈ ಅಡಿಗಳಾದರು. ಆಮೇಲಿನ ತಲೆಮಾರಿನಲ್ಲಿ ನಾರಾಯಣಸಾಮಿ ನೆಡುಂಚೆೞಿಯನ್ ಆದರು, ರಾಮಯ್ಯ ಅನ್ಬೞಗನ್ ಆದರು. ತಿರುಪ್ಪೂರಿನ ಪಕ್ಕದ ಈರೋಡಿನಲ್ಲಿ ಹುಟ್ಟಿದ, ತನ್ನನ್ನು ಕನ್ನಡಿಗನೆಂದು ಹೇಳಿಕೊಳ್ಳುತ್ತಿದ್ದ ಪೆರಿಯಾರ್, 1929ರ ಚೆಂಗಲ್ಪಟ್ಟು ಸ್ವಾಭಿಮಾನ ಸಮ್ಮೇಳನದ ಹೊತ್ತಿಗೆ ಹೆಸರಿನ ಬಾಲದಲ್ಲಿದ್ದ ಜಾತಿಯನ್ನೇ ಕಿತ್ತುಹಾಕಿದರು. ಜಾತಿಯನ್ನು ಬಾಲದಿಂದ ತೆಗೆದರೂ ಮೊದಲ ಅಕ್ಷರದಲ್ಲೇ ಗುರುತು ಹಿಡಿಯಬಲ್ಲ ಕಿವಿಗಳು ನಮ್ಮಲ್ಲಿದ್ದವು, ಇಂದಿಗೂ ಇವೆ. ಕುಲದೇವರ ಹೆಸರು ಕುಲವನ್ನು ಹೇಳಿಬಿಡುತ್ತದೆ. ದೊಡ್ಡ ಹೆಸರಿಟ್ಟುಕೊಂಡ ಕೆಳಜಾತಿಯವನನ್ನು ಸಹಿಸದ ಊರುಗಳಿದ್ದವು. ಹೊಸ ಹೆಸರು ಕೇಳಿ ‘ಹಾಗಂದರೇನು?’ ಎನ್ನುವವರಲ್ಲಿ ಎಲ್ಲರೂ ಅರ್ಥವನ್ನಷ್ಟೇ ಕೇಳುತ್ತಿರುತ್ತಾರೆಯೇ?

ತಿರುಪ್ಪೂರಿನ ಬನಿಯನ್ ಕಂಪನಿಗಳಲ್ಲಿ ಹೊಲಿಗೆ ಯಂತ್ರಗಳ ಸಾಲಿನಲ್ಲಿ ಸುತ್ತಲ ಹಳ್ಳಿಗಳವರ ಜೊತೆ ಒಡಿಶಾದವರು, ಬಿಹಾರದವರು ಪಕ್ಕಪಕ್ಕದಲ್ಲಿ ಕೂತಿರುತ್ತಾರೆ. ಅವರ ಮಕ್ಕಳು ಒಂದೇ ಶಾಲೆಗೆ ಹೋಗುತ್ತಾರೆ. ಆ ಮಕ್ಕಳ ಹೊಸ ಹೆಸರುಗಳನ್ನು ಕೇಳಿದರೆ ಯಾವ ಬೀದಿ, ಯಾವ ದೇವರು, ಯಾವ ಕಸುಬು ಎಂದು ತಟ್ಟನೆ ಹೇಳಲಾಗುವುದಿಲ್ಲ. ಕೆದಕುವವರು ಅಲ್ಲಿಗೆ ಬಿಡುವುದಿಲ್ಲ, ನಿಜ. ಅಪ್ಪನ ಹೆಸರೇನು, ಊರು ಯಾವುದು, ಊರಲ್ಲಿ ಯಾವ ಕಡೆ ಎಂದು ಮುಂದುವರಿಯುತ್ತಾರೆ. ಆದರೂ ಮಗು ತನ್ನ ಹೆಸರು ಹೇಳುವುದಕ್ಕೂ ಎದುರಿನವರು ಮುಂದಿನ ಪ್ರಶ್ನೆ ಕೇಳುವುದಕ್ಕೂ ನಡುವೆ ಒಂದು ಗಳಿಗೆ ಸಿಗುತ್ತದೆ. ಆ ಗಳಿಗೆಯಲ್ಲಿ ಅದು ಬರೀ ಒಂದು ಮಗು. ಅದರ ತಂದೆತಾಯಿಗೆ ಕೊಡಲು ಸಾಧ್ಯವಿದ್ದುದು ಅಷ್ಟು, ಅದನ್ನು ಅವರು ಕೊಟ್ಟಿದ್ದಾರೆ.