ಪ್ರೇಮಾ ಕಾರಂತರ ಟೀಚರ್ ವರ್ಷಗಳು

(ದಿಲ್ಲಿಯ ಓಲ್ಡ್ ರಾಜಿಂದರ್ ನಗರ. ನಡುವೆ ಪ್ಲೈವುಡ್ ನಿಲ್ಲಿಸಿ ಎರಡು ಮಾಡಿದ ಬಾಡಿಗೆ ಕೋಣೆ. ಯುಪಿಎಸ್‌ಸಿಗೆ ಓದುತ್ತಿರುವ ಸಹನಾ, ಕೋಚಿಂಗ್ ಸೆಂಟರಿನ ಉತ್ತರ ಪತ್ರಿಕೆಗಳನ್ನು ತಿದ್ದುತ್ತಿದ್ದಾಳೆ. ದಿಲ್ಲಿಯಲ್ಲೇ ಟೀಚರ್ ಆಗಿದ್ದು ನಿವೃತ್ತರಾದ ಸೋದರತ್ತೆ ನೋಡಲು ಬಂದಿದ್ದಾರೆ.)

ಸಹನಾ: ಈ ಕಟ್ಟು ಮುಗಿಸಿದರೆ ಬಾಡಿಗೆ ಹುಟ್ಟುತ್ತೆ ಅತ್ತೆ. ಆದರೆ ನನ್ನ ಓದು ನಿಂತುಹೋಗಿದೆ. ಅಮ್ಮನಿಗೆ ಹೇಳಿದರೆ, ಪ್ರೇಮಾ ಕಾರಂತರೂ ದಿಲ್ಲಿಯಲ್ಲಿ ಪಾಠ ಹೇಳಿಕೊಂಡೇ ಮುಂದೆ ಬಂದರು ಅಂತಾರೆ.

ಅತ್ತೆ: ಸುಳ್ಳೇನಲ್ಲ. 1958ರಲ್ಲಿ ಮದುವೆ, ಆಮೇಲೆ ಕಾಶಿ. ಅಲ್ಲಿಂದ ದಿಲ್ಲಿಗೆ ಬಂದಾಗ ಗಂಡ ಬಿ.ವಿ. ಕಾರಂತರು ರಾಷ್ಟ್ರೀಯ ನಾಟಕ ಶಾಲೆಗೆ ಸೇರಿದರು, ಪ್ರೇಮಾ ಸ್ಕೂಲಿನಲ್ಲಿ ಟೀಚರ್ ಆದರು.

ಸಹನಾ: ಅದೇ ನನ್ನ ತಕರಾರು. 1962ಕ್ಕೆ ಕಾರಂತರ ಓದು ಮುಗಿಯಿತು. ಈಕೆ ಅದೇ ನಾಟಕ ಶಾಲೆಯಲ್ಲಿ ಕಲಿತದ್ದು ಅವರಾದ ಮೇಲೆ. 1983ರಲ್ಲಿ ಈಕೆ ನಿರ್ದೇಶಿಸಿದ ‘ಫಣಿಯಮ್ಮ’ ಬರುವ ಹೊತ್ತಿಗೆ ವಯಸ್ಸು ನಲವತ್ತೈದು ದಾಟಿತ್ತು. ಕನ್ನಡ ಸಿನಿಮಾ ನಿರ್ದೇಶಿಸಿದ ಮೊದಲ ಹೆಣ್ಣು ಅಂತ ಈಗ ಹೊಗಳುತ್ತೀವಿ. ಆ ಸಿನಿಮಾ ಆಗದೇ ಹೋಗಿದ್ದರೆ?

ಅತ್ತೆ: ಆಗಲೂ ಆ ವರ್ಷಗಳು ದಂಡವಾಗುತ್ತಿರಲಿಲ್ಲ. ಮಕ್ಕಳ ಮುಂದೆ ನಿಂತು ಕಲಿತದ್ದು ಮುಂದೆ ರಂಗಕ್ಕೆ, ವಸ್ತ್ರವಿನ್ಯಾಸಕ್ಕೆ, ಎಲ್ಲದಕ್ಕೂ ಬಂತು.

ಸಹನಾ: ನೋಡಿ, ನೀವೂ ‘ಮುಂದೆ’ ಅಂದಿರಿ. ಗೆದ್ದವರ ಕಷ್ಟಕ್ಕೆ ಮಾತ್ರ ತಯಾರಿ ಅನ್ನೋ ಹೆಸರು. ಈ ಗಲ್ಲಿಯಲ್ಲಿ ಪರೀಕ್ಷೆ ಪಾಸಾಗದೆ ಊರಿಗೆ ಹೋದವರ ಕಷ್ಟವನ್ನ ಯಾರೂ ತಯಾರಿ ಅನ್ನಲ್ಲ.

ಅತ್ತೆ: (ಸ್ವಲ್ಪ ತಡೆದು) ಸರಿ, ಅದನ್ನ ಬಿಡೋಣ. ಇಲ್ಲಿ ಎರಡು ಪ್ರಶ್ನೆ ಇದೆ. ಮೊದಲು ಯಾರು ಓದಬೇಕು, ಯಾರು ದುಡಿಯಬೇಕು ಅನ್ನೋದು ಒಂದು. ಆ ದುಡಿಮೆಗೆ ತನ್ನದೇ ಬೆಲೆ ಇತ್ತಾ ಅನ್ನೋದು ಇನ್ನೊಂದು. ನೀನು ಮೊದಲನೆಯದರ ಸಿಟ್ಟನ್ನ ಎರಡನೆಯದರ ಮೇಲೆ ತೀರಿಸಿಕೊಳ್ತಿದ್ದೀಯ.

ಸಹನಾ: ಬೆಲೆ ಇತ್ತು ಅನ್ನೋಕೆ ಏನು ಆಧಾರ?

ಅತ್ತೆ: 1975ರ ‘ಹಂಸಗೀತೆ’ಗೆ ವಸ್ತ್ರವಿನ್ಯಾಸ ಮಾಡಿದವರು ಆಕೆ. ಸಿನಿಮಾ ಬಾಗಿಲು ಆಗಲೇ ತೆರೆದಿತ್ತು. ಆದರೂ 1979ರಲ್ಲಿ ಬೆಂಗಳೂರಿನಲ್ಲಿ ‘ಬೆನಕ’ ರಂಗತಂಡದ ಮಕ್ಕಳ ನಾಟಕ ಕೇಂದ್ರ ಕಟ್ಟಿದರು. ಪಾಠ ಹೇಳೋದು ಬರೀ ಹೊಟ್ಟೆಪಾಡು ಆಗಿದ್ದರೆ ಮತ್ತೆ ಮಕ್ಕಳ ಹತ್ತಿರ ಯಾಕೆ ಹೋಗಬೇಕಿತ್ತು?

ಸಹನಾ: ಹೆಂಗಸರಿಗೆ ಮಕ್ಕಳ ಕೆಲಸವೇ ಸಿಗೋದು ಅಂತಲೂ ಇರಬಹುದಲ್ಲ?

ಅತ್ತೆ: ಇರಬಹುದು, ಅಲ್ಲಗಳೆಯಲ್ಲ. ಆದರೂ ಎಳೆಯರ ಜೊತೆ ನಾಟಕ ಆಡಿಸೋದು ದೊಡ್ಡವರ ಕೆಲಸದ ಚಿಲ್ಲರೆ ಭಾಗ ಅಂತ ನಾನು ಒಪ್ಪಲ್ಲ. ನನ್ನ ತರಗತಿಯಲ್ಲೊಬ್ಬ ಹುಡುಗ ವರ್ಷವೆಲ್ಲ ಬಾಯಿ ಬಿಟ್ಟಿರಲಿಲ್ಲ. ನಾಟಕದಲ್ಲಿ ತಮಟೆ ಕೊಟ್ಟೆ. ಆಟದ ನಡುವೆ ರಾಜನ ಪಾತ್ರದವನು ಮಾತು ಮರೆತು ನಿಂತ. ತಮಟೆ ಬಾರಿಸುತ್ತಿದ್ದವನೇ ಆ ಮಾತನ್ನ ಗಟ್ಟಿಯಾಗಿ ಹೇಳಿಬಿಟ್ಟ. ಆ ಹುಡುಗ ನನ್ನ ಯಾವ ಸಾಧನೆಗೂ ತಯಾರಿ ಅಲ್ಲ ಕಣೇ.

ಸಹನಾ: ಆದರೆ ಅಮ್ಮ ಹೇಳೋದು ಅದಲ್ಲ. ಪ್ರೇಮಾ ಸಹಿಸಿದರು, ನೀನೂ ಸಹಿಸು ಅಂತ.

ಅತ್ತೆ: ಅದಕ್ಕೆ ‘ಫಣಿಯಮ್ಮ’ ಸಿನಿಮಾದಲ್ಲೇ ಉತ್ತರ ಇದೆ. ಎಂ.ಕೆ. ಇಂದಿರಾ ಅವರ ಕಾದಂಬರಿ, ಎಲ್.ವಿ. ಶಾರದಾ ಅಭಿನಯ. ಫಣಿಯಮ್ಮ ಬಾಲವಿಧವೆ, ತಲೆ ಬೋಳಿಸಿಕೊಂಡು ಜೀವನವೆಲ್ಲ ಮಡಿಯಲ್ಲಿ ಸವೆಸಿದವಳು. ಎಳೆ ವಯಸ್ಸಿನ ದಾಕ್ಷಾಯಿಣಿ ವಿಧವೆಯಾಗಿ, ನಾನು ಕೂದಲು ಕೊಡಲ್ಲ ಅಂತ ಹಟ ಹಿಡಿದಾಗ ಊರೆಲ್ಲ ಬೈಯುತ್ತೆ. ಫಣಿಯಮ್ಮ ಮಾತ್ರ ಆ ಹುಡುಗಿಯ ಪರ ನಿಲ್ಲುತ್ತಾಳೆ. ತಾನು ಅನುಭವಿಸಿದ್ದನ್ನ ಅವಳು ಇನ್ನೊಬ್ಬಳ ತಲೆಗೆ ಅಳತೆಗೋಲು ಮಾಡಲಿಲ್ಲ. ಆ ಕಥೆಯನ್ನ ಆರಿಸಿಕೊಂಡ ಪ್ರೇಮಾ ಅವರ ಹೆಸರಿನಲ್ಲೇ ನಿಮ್ಮಮ್ಮ ನಿನಗೆ ಸಹಿಸು ಅಂತಿದ್ದಾಳೆ, ಅದು ನ್ಯಾಯ ಅಲ್ಲ.

(ಅತ್ತೆ ಒಂದು ಉತ್ತರ ಪತ್ರಿಕೆ ಎತ್ತಿಕೊಳ್ಳುತ್ತಾರೆ. ಅಂಚಿನ ತುಂಬ ಕೆಂಪು ಶಾಯಿ.)

ಅತ್ತೆ: ಅಂಕ ಹಾಕೋಕೆ ತಾನೆ ದುಡ್ಡು ಕೊಡೋದು? ಇಷ್ಟು ಯಾಕೆ ಬರೆದೆ?

ಸಹನಾ: ಇದನ್ನ ಬರೆದ ಹುಡುಗನಿಗೆ ವಿಷಯ ಗೊತ್ತಿದೆ, ಉತ್ತರ ಕಟ್ಟೋಕೆ ಬರಲ್ಲ. ಯಾರಾದರೂ ಹೇಳಬೇಕಲ್ಲ.

ಅತ್ತೆ: ಇದನ್ನೇ ಬೆಲೆ ಅಂದದ್ದು. ಮೊದಲನೇ ಪ್ರಶ್ನೆ ಹಾಗೇ ಉಳಿಯಿತು, ಅದು ನಿಮ್ಮ ಮನೆಯಲ್ಲಿ ಬಗೆಹರಿಯಬೇಕು.

ಸಹನಾ: ಮುಂದಿನ ತಿಂಗಳು ಅರ್ಧ ಕಟ್ಟು ಸಾಕು ಅಂತ ಹೇಳ್ತೀನಿ. ಬಾಡಿಗೆಗೆ ಕಮ್ಮಿ ಬಿದ್ದದ್ದನ್ನ ಅಣ್ಣನ ಹತ್ತಿರ ಕೇಳ್ತೀನಿ. ಅವನು ಓದುವಾಗ ನಾನು ಟ್ಯೂಷನ್ ದುಡ್ಡು ಕಳಿಸಿದ್ದೆ.

ಅತ್ತೆ: ಕೇಳು. ಸಾಲ ಅನ್ನಬೇಡ.